ಬ್ಯಾಸ್ಕೆಟ್‌ಬಾಲ್ ಆಟಗಾರ್ತಿಗೆ ಮುಂದೇನು?

ಮಗಳು ಬ್ಯಾಸ್ಕೆಟ್‌ಬಾಲ್ ಆಡಿದರೆ ಮುಂದೇನು ಎಂಬ ಪ್ರಶ್ನೆಯನ್ನು ದಾವಣಗೆರೆಯಲ್ಲಾಗಲಿ ಹರಿಹರದಲ್ಲಾಗಲಿ ಕೇಳದ ಪೋಷಕರು ವಿರಳ. ಪ್ರಶ್ನೆಯಲ್ಲಿ ತಪ್ಪೇನೂ ಇಲ್ಲ. ಹತ್ತಿಯ ಗಿರಣಿಗಳ ಸಿರಿಯನ್ನೂ ಅವು ಮುಚ್ಚಿದ ಮೇಲಿನ ಸಂಕಟವನ್ನೂ ಕಂಡ ಊರು ದಾವಣಗೆರೆ; ಕಿರ್ಲೋಸ್ಕರ್ ಕಾರ್ಖಾನೆಯ ಏಳುಬೀಳುಗಳನ್ನು ಕಣ್ಣಾರೆ ಕಂಡ ಊರು ಹರಿಹರ. ತಿಂಗಳ ಸಂಬಳದ ಬೆಲೆಯನ್ನು ಈ ಜನರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಆದರೆ ಪ್ರಶ್ನೆಗೆ ಉತ್ತರವೇ ಇಲ್ಲವೆಂದು ಭಾವಿಸಿ, ಹತ್ತನೆಯ ತರಗತಿಯ ಹೊಸ್ತಿಲಲ್ಲಿ ಮಗಳನ್ನು ಅಂಕಣದಿಂದ ಬಿಡಿಸಿಬಿಡುವುದು ಅವಸರದ ನಿರ್ಧಾರ. ಉತ್ತರವಿದೆ. ಬಹುಮಟ್ಟಿಗೆ ಅದು ಈ ಎರಡೂ ಊರುಗಳನ್ನು ಹಾದುಹೋಗುವ ರೈಲುಹಳಿಯ ಮೇಲೆಯೇ ಇದೆ.

ಈ ಆಟ ಗಂಡಸರದ್ದು, ಹೆಣ್ಣುಮಕ್ಕಳು ಅದನ್ನು ಅನುಕರಿಸುತ್ತಾರೆ ಎಂಬ ಮಾತಿಗೆ ಚರಿತ್ರೆಯ ಆಧಾರವಿಲ್ಲ. 1891ರ ಡಿಸೆಂಬರಿನಲ್ಲಿ ಅಮೆರಿಕೆಯ ಸ್ಪ್ರಿಂಗ್‌ಫೀಲ್ಡಿನಲ್ಲಿ ಜೇಮ್ಸ್ ನೈಸ್ಮಿತ್ ಎಂಬ ಅಧ್ಯಾಪಕ ಇದನ್ನು ರೂಪಿಸಿದ. ಮರುವರ್ಷವೇ ಸೆಂಡಾ ಬೆರೆನ್ಸನ್ ಎಂಬ ಅಧ್ಯಾಪಕಿ ಸ್ಮಿತ್ ಕಾಲೇಜಿನ ವಿದ್ಯಾರ್ಥಿನಿಯರಿಗೆ ಅದನ್ನು ಕಲಿಸಿದಳು. ಇಂದಿಗೂ ಸ್ತ್ರೀಯರ ಚೆಂಡು ತುಸು ಚಿಕ್ಕದು, ಅಷ್ಟೆ. ಬುಟ್ಟಿ ಮಾತ್ರ ಇಬ್ಬರಿಗೂ ಅದೇ 10 ಅಡಿಯ ಎತ್ತರದಲ್ಲಿದೆ.

ಹಾಗೆಂದು ಆಟವನ್ನೇ ನಂಬಿ ಬದುಕುವುದು ಎಲ್ಲಿಯೂ ಸುಲಭವಲ್ಲ. ಸ್ತ್ರೀಯರ ವೃತ್ತಿಪರ ಲೀಗುಗಳಲ್ಲಿ ಅಗ್ರಗಣ್ಯವಾದ ಅಮೆರಿಕೆಯ ಡಬ್ಲ್ಯು.ಎನ್.ಬಿ.ಎ. 1997ರಲ್ಲಿ ಆಟ ಆರಂಭಿಸಿತು. ಅಲ್ಲಿನ ತಾರೆಯರು ಕೂಡ ಬಹುಕಾಲ ಬಿಡುವಿನ ತಿಂಗಳುಗಳಲ್ಲಿ ಹೆಚ್ಚಿನ ಸಂಪಾದನೆಗಾಗಿ ಹೊರದೇಶಗಳ ತಂಡಗಳಿಗೆ ಆಡಬೇಕಾಯಿತು. 2022ರ ಫೆಬ್ರುವರಿಯಲ್ಲಿ ರಷ್ಯಾದಲ್ಲಿ ಬಂಧಿತಳಾಗಿ ಡಿಸೆಂಬರಿನಲ್ಲಿ ಬಿಡುಗಡೆಗೊಂಡ ಬ್ರಿಟ್ನಿ ಗ್ರೈನರ್ ಒಲಿಂಪಿಕ್ ಸ್ವರ್ಣವಿಜೇತೆ. ಆಕೆ ಅಲ್ಲಿಗೆ ಹೋಗುತ್ತಿದ್ದುದೂ ಅಲ್ಲಿನ ತಂಡವೊಂದಕ್ಕೆ ಆಡುವುದಕ್ಕಾಗಿಯೇ.

ಭಾರತದಲ್ಲಿ ಆಟಗಾರ್ತಿಯ ಬದುಕು ಬೇರೆ ರೀತಿಯಲ್ಲಿ ಬೆಳೆದು ಬಂದಿದೆ. ಇಲ್ಲಿ ಆಕೆಯನ್ನು ಪೋಷಿಸಿದ್ದು ಲೀಗು ಅಲ್ಲ, ಕಚೇರಿ. ಎಲ್ಲಕ್ಕಿಂತ ಮುಖ್ಯವಾಗಿ ರೈಲ್ವೆ. ರಾಷ್ಟ್ರೀಯ ಪಂದ್ಯಾವಳಿಗಳ ಮಹಿಳಾ ವಿಭಾಗದಲ್ಲಿ ದಶಕಗಳಿಂದ ರೈಲ್ವೆಯದ್ದೇ ಮೇಲುಗೈಯಾಗಿರುವುದು ಆಕಸ್ಮಿಕವಲ್ಲ. ಕ್ರೀಡಾ ಮೀಸಲಿನಲ್ಲಿ ನೌಕರಿ ಪಡೆದವಳು ಅಭ್ಯಾಸಕ್ಕೂ ಪಂದ್ಯಕ್ಕೂ ಅವಕಾಶ ಪಡೆಯುತ್ತಾಳೆ. ಮೊಣಕಾಲು ಸೋತು ಆಟ ನಿಂತ ಮೇಲೂ ನಿವೃತ್ತಿಯವರೆಗೆ ಆಕೆಯ ಕುರ್ಚಿ ಇರುತ್ತದೆ.

ಕೇರಳದ ಗೀತು ಅನ್ನಾ ಜೋಸ್ ಅವರ ಉದಾಹರಣೆ ಈ ದಿಸೆಯಲ್ಲಿ ಗಮನಾರ್ಹ. ದಕ್ಷಿಣ ರೈಲ್ವೆಯ ಈ ಉದ್ಯೋಗಿ 2006ರಿಂದ ಕೆಲಕಾಲ ಆಸ್ಟ್ರೇಲಿಯದ ರಿಂಗ್‌ವುಡ್ ಹಾಕ್ಸ್ ತಂಡಕ್ಕೆ ಆಡಿದರು. 2011ರಲ್ಲಿ ಡಬ್ಲ್ಯು.ಎನ್.ಬಿ.ಎ. ತಂಡಗಳ ಆಯ್ಕೆ ಪರೀಕ್ಷೆಗೆ ಹೋದರು. ಆಯ್ಕೆಯಾಗಲಿಲ್ಲ, ಆದರೆ ಹಿಂದಿರುಗಿದಾಗ ಕೈಯಲ್ಲಿ ಉದ್ಯೋಗವಿತ್ತು. 2014ರ ಅರ್ಜುನ ಪ್ರಶಸ್ತಿ ಅವರಿಗೆ ಸಂದಿತು. ಸೋಲಿನ ಭಯವಿಲ್ಲದೆ ದೊಡ್ಡದೊಂದನ್ನು ಪ್ರಯತ್ನಿಸುವ ಧೈರ್ಯ ಆ ಉದ್ಯೋಗದಿಂದಲೂ ಬಂದಿರಬೇಕು. ಅದೇ ದಕ್ಷಿಣ ರೈಲ್ವೆಯ ಅನಿತಾ ಪಾಲ್‌ದುರೈ ಹತ್ತೊಂಬತ್ತರ ಪ್ರಾಯದಲ್ಲಿ ಭಾರತದ ನಾಯಕಿಯಾದವರು, ತಾಯಿಯಾದ ಮೇಲೂ ಅಂಕಣಕ್ಕೆ ಮರಳಿದವರು. 2021ರಲ್ಲಿ ಪದ್ಮಶ್ರೀ ಪುರಸ್ಕೃತರಾದರು.

ಕರ್ನಾಟಕವೂ ಬರಿಗೈಯಲ್ಲಿಲ್ಲ. 2017ರ ಜುಲೈನಲ್ಲಿ ಬೆಂಗಳೂರಿನಲ್ಲಿ ನಡೆದ ಮಹಿಳೆಯರ ಏಷ್ಯಾ ಕಪ್ಪಿನ ‘ಬಿ’ ವಿಭಾಗದ ಅಂತಿಮ ಪಂದ್ಯದಲ್ಲಿ ಭಾರತ ಕಝಾಕಸ್ತಾನವನ್ನು 75-73ರಿಂದ ಸೋಲಿಸಿದಾಗ, ಆ ತಂಡದಲ್ಲಿ ನಮ್ಮ ನಾಡಿನ ಪಿ. ಯು. ನವನೀತಾ ಇದ್ದರು. ಬೆಂಗಳೂರಿನ ಸಂಜನಾ ರಮೇಶ್ 2019ರಲ್ಲಿ ಆಟದ ಬಲದಿಂದಲೇ ವಿದ್ಯಾರ್ಥಿವೇತನ ಪಡೆದು ಅಮೆರಿಕೆಯ ನಾರ್ದರ್ನ್ ಅರಿಝೋನಾ ವಿಶ್ವವಿದ್ಯಾಲಯ ಸೇರಿದರು. ಓದು ಮತ್ತು ಆಟ ಪರಸ್ಪರ ವೈರಿಗಳೆನ್ನುವವರು ಈ ಎರಡನೆಯ ಹೆಸರನ್ನು ಕುರಿತು ಯೋಚಿಸಬೇಕು.

ಇನ್ನು ನಮ್ಮ ಊರುಗಳ ಮಾತು. 2003ರಲ್ಲಿ ಹುಬ್ಬಳ್ಳಿಯನ್ನು ಕೇಂದ್ರವಾಗಿಸಿಕೊಂಡು ನೈಋತ್ಯ ರೈಲ್ವೆ ರೂಪುಗೊಂಡಿತು. ದಾವಣಗೆರೆ ಮತ್ತು ಹರಿಹರದ ನಿಲ್ದಾಣಗಳು ಅದರ ಮೈಸೂರು ವಿಭಾಗಕ್ಕೆ ಸೇರಿವೆ. ಆ ರೈಲ್ವೆಗೂ ಮಹಿಳೆಯರ ಬ್ಯಾಸ್ಕೆಟ್‌ಬಾಲ್ ತಂಡವಿದೆ. 2009ರಲ್ಲಿ ದಾವಣಗೆರೆ ವಿಶ್ವವಿದ್ಯಾಲಯ ಸ್ಥಾಪನೆಯಾದುದರಿಂದ ಅಂತರ ವಿಶ್ವವಿದ್ಯಾಲಯ ಪಂದ್ಯಾವಳಿಯ ತಂಡಕ್ಕೆ ಆಯ್ಕೆಯೂ ಮನೆಯಂಗಳಕ್ಕೆ ಬಂದಂತಾಯಿತು. ಅದಕ್ಕೆ ಮುನ್ನ ಇಲ್ಲಿನ ಕಾಲೇಜುಗಳು ಕುವೆಂಪು ವಿಶ್ವವಿದ್ಯಾಲಯದ ವ್ಯಾಪ್ತಿಯಲ್ಲಿದ್ದವು. ಕ್ರೀಡಾ ಮೀಸಲಿನ ನೇಮಕಾತಿಯಲ್ಲಿ ಲೆಕ್ಕಕ್ಕೆ ಬರುವುದು ರಾಜ್ಯವನ್ನು ಪ್ರತಿನಿಧಿಸಿದ್ದು, ವಿಶ್ವವಿದ್ಯಾಲಯಗಳ ಪಂದ್ಯಾವಳಿಯಲ್ಲಿ ಪಡೆದ ಸ್ಥಾನ ಮುಂತಾದವು. ಯಾವ ಹುದ್ದೆ ಎಂಬುದನ್ನು ವಿದ್ಯಾರ್ಹತೆಯೂ ನಿರ್ಧರಿಸುತ್ತದೆ.

ಹೀಗಿರಲು ದಾರಿ ತುಂಡಾಗುವುದೆಲ್ಲಿ? ಪ್ರೌಢಶಾಲೆಗೂ ಪದವಿಗೂ ನಡುವಿನ ಎರಡು ಮೂರು ವರ್ಷಗಳಲ್ಲಿ. ಎಂಟು ಒಂಬತ್ತನೆಯ ತರಗತಿಯ ಹುಡುಗಿ ತಾಲ್ಲೂಕು, ಜಿಲ್ಲೆ ದಾಟಿ ವಿಭಾಗ ಮಟ್ಟದವರೆಗೆ ಹೋಗುತ್ತಾಳೆ. ಶಾಲೆ ಆಕೆಯ ಭಾವಚಿತ್ರವನ್ನು ಸಂಚಿಕೆಯಲ್ಲಿ ಅಚ್ಚುಹಾಕಿಸುತ್ತದೆ. ಪಬ್ಲಿಕ್ ಪರೀಕ್ಷೆ ಬಂದೊಡನೆ ಆಟ ನಿಲ್ಲುತ್ತದೆ. ಪದವಿಪೂರ್ವ ಕಾಲೇಜಿನಲ್ಲಿ ಬೆಳಗಿನಿಂದ ಸಂಜೆಯವರೆಗೆ ಪಾಠ, ಆಮೇಲೆ ಮನೆಪಾಠ. ಎರಡು ವರ್ಷ ಚೆಂಡು ಮುಟ್ಟದವಳು ಪದವಿ ತರಗತಿಗೆ ಬರುವ ಹೊತ್ತಿಗೆ, ಅಷ್ಟೂ ಕಾಲ ಎಡೆಬಿಡದೆ ಆಡಿದ ಬೆಂಗಳೂರು ಮೈಸೂರಿನ ಹುಡುಗಿಯರು ಎಷ್ಟೋ ಮುಂದೆ ಸಾಗಿರುತ್ತಾರೆ. ಪ್ರತಿಭೆಯ ಅಭಾವವೆಂದು ಅದನ್ನು ಕರೆಯುವುದು ಅನ್ಯಾಯ.

ಆಡಿದವರಿಗೆಲ್ಲ ನೌಕರಿ ದೊರೆಯುವುದೆಂದು ಯಾವ ಶಾಲೆಯೂ ಭರವಸೆ ಕೊಡಲಾಗದು, ಕೊಡಲೂ ಬಾರದು. ಹುದ್ದೆಗಳು ಕೆಲವೇ, ಅಭ್ಯರ್ಥಿಗಳು ಹಲವರು. ಆದ್ದರಿಂದಲೇ ಆಟಗಾರ್ತಿಯ ಓದಿನ ಹೊಣೆಯನ್ನು ಶಾಲೆ ಎರಡರಷ್ಟು ಹೊರಬೇಕಾಗುತ್ತದೆ: ಪಂದ್ಯಕ್ಕೆ ಹೋಗಿ ಬಂದವಳಿಗೆ ತಪ್ಪಿದ ಪಾಠವನ್ನು ಯಾರಾದರೂ ಕುಳಿತು ಹೇಳಿಕೊಡಬೇಕು. ಗಣಿತದ ಅಧ್ಯಾಪಕರಿಗೆ ಇದು ಹೆಚ್ಚುವರಿ ಕೆಲಸವೆನ್ನಿಸಿದರೆ ಆಶ್ಚರ್ಯವಿಲ್ಲ. ಆದರೂ ಅದು ದೈಹಿಕ ಶಿಕ್ಷಕರೊಬ್ಬರಿಂದ ಆಗುವ ಕೆಲಸವಲ್ಲ.

ದಾನಿಗಳ ಔದಾರ್ಯದಲ್ಲಿ ಕೊರತೆಯಿಲ್ಲ. ಅದು ಹರಿಯುವ ದಿಕ್ಕಿನ ಬಗ್ಗೆ ಮಾತ್ರ ಒಂದು ಮಾತು. ಪಾರಿತೋಷಕಗಳೂ ಹೆಸರು ಕೆತ್ತಿದ ಕಲ್ಲುಗಳೂ ಈಗಾಗಲೇ ಸಾಕಷ್ಟಿವೆ. 28 ಮೀಟರ್ ಉದ್ದ, 15 ಮೀಟರ್ ಅಗಲದ ಅಂಕಣವೊಂದನ್ನು ಒಮ್ಮೆ ಕಟ್ಟಿಸಿದರೆ ಮುಗಿಯಿತೆಂಬ ಭಾವನೆಯೂ ಇದೆ. ತರಬೇತುದಾರರಿಲ್ಲದ ಅಂಕಣ ಮಳೆಗಾಲ ಕಳೆಯುವುದರೊಳಗೆ ಸೈಕಲ್ ನಿಲ್ದಾಣವಾಗುತ್ತದೆ. ಬೇಕಾಗಿರುವುದು ವರ್ಷವಿಡೀ ಸಂಬಳ ಪಡೆಯುವ ಒಬ್ಬ ತರಬೇತುದಾರ್ತಿ, ಶಾಲೆ ಬಿಟ್ಟು ಕಾಲೇಜು ಸೇರಿದ ಹಳೆಯ ವಿದ್ಯಾರ್ಥಿನಿಯರಿಗೂ ಸಂಜೆ ತೆರೆದಿರುವ ಬಾಗಿಲು, ನಾಲ್ಕು ದೀಪದ ಕಂಬಗಳು, ಮತ್ತು ಪ್ರಯಾಣದ ವೆಚ್ಚ. ಹರಿಹರದಿಂದ ದಾವಣಗೆರೆಗೆ ಬಹಳ ದೂರವೇನಿಲ್ಲ. ಆದರೆ ಕತ್ತಲಾದ ಮೇಲೆ ಹದಿನಾರರ ಹುಡುಗಿಯ ತಾಯಿಗೆ ಅದು ದೂರವೇ. ಅಭ್ಯಾಸ ಮುಗಿದ ಮೇಲೆ ಹುಡುಗಿಯರನ್ನು ಹರಿಹರದ ಬಸ್ಸು ಹತ್ತಿಸಿ, ಇಳಿಯುವವರೆಗೆ ಜೊತೆಗೊಬ್ಬ ಹಿರಿಯ ಮಹಿಳೆ ಇರುವ ಏರ್ಪಾಟು ಮಾಡಿದರೆ, ಮನೆಗಳಲ್ಲಿ ಹುಟ್ಟುವ ಅರ್ಧ ಆಕ್ಷೇಪ ಅಲ್ಲಿಗೇ ನಿಲ್ಲುತ್ತದೆ. ಅದಕ್ಕೆ ತಗಲುವ ವೆಚ್ಚ ವಾರ್ಷಿಕೋತ್ಸವದ ಶಾಮಿಯಾನದ ಬಾಡಿಗೆಗಿಂತ ಬಹಳ ಹೆಚ್ಚಾಗಲಾರದು.