ಹೇಳಿ ಹೋಗುವ ಅಭ್ಯಾಸ

2005ರ ಜುಲೈ 26ರಂದು ಮುಂಬಯಿಯ ಸಾಂತಾಕ್ರೂಜ್‌ನಲ್ಲಿ 944 ಮಿಲಿಮೀಟರ್ ಮಳೆ ಸುರಿದಾಗ ಲೋಕಲ್ ರೈಲುಗಳು ನಿಂತವು; ದೂರವಾಣಿಯೂ ಅನೇಕರಿಗೆ ಕೈಕೊಟ್ಟಿತು. ಆದರೂ ಇಲ್ಲಿನ ಕನ್ನಡಿಗರ ಮನೆಗಳಲ್ಲಿ ವಿಮಾಪತ್ರ ಭದ್ರವಾಗಿರುತ್ತದೆ, ಆಪತ್ತಿನಲ್ಲಿ ಎಲ್ಲರೂ ಎಲ್ಲಿ ಸೇರಬೇಕೆಂಬ ನಿಶ್ಚಯವಿರುವುದಿಲ್ಲ. ಊರಿನಲ್ಲಾದರೆ ನೆರೆಯವರು ವಿಚಾರಿಸಿಯಾರು. ಇಲ್ಲಿ ಎದುರು ಬಾಗಿಲಿನವರ ಹೆಸರೂ ತಿಳಿಯದು. ಬಂಧುಗಳ ದೂರವಾಣಿ ಸಂಖ್ಯೆ, ಹಿರಿಯರ ಔಷಧಿಗಳ ಹೆಸರು ಕಾಗದದ ಮೇಲಿರಬೇಕು. ಬ್ಯಾಟರಿ ಮುಗಿದ ಮೊಬೈಲಿನಲ್ಲಿ ಅವು ಇದ್ದೂ ಇಲ್ಲದಂತೆ.

ಮಳೆಗಾಲದಲ್ಲಿ ಸಹ್ಯಾದ್ರಿಯ ಕೋಟೆಗಳನ್ನೇರುವ ತರುಣರಿಗೆ ಈ ಮಾತು ಇನ್ನೂ ಹೆಚ್ಚು ಸಲ್ಲುತ್ತದೆ. ಹರಿಶ್ಚಂದ್ರಗಡವನ್ನು ಪಾಚನೈಯಿಂದ ಏರುವರೋ ಖಿರೇಶ್ವರದಿಂದಲೋ, ಎಷ್ಟು ಹೊತ್ತಿಗೆ ಇಳಿಯುವರೋ, ಮನೆಯಲ್ಲಿ ಬರೆದಿಟ್ಟು ಹೋಗಬೇಕು. ಗದರಿಕೆಗೆ ಅಂಜಿ ಮಕ್ಕಳು ಹೇಳದೆ ಹೋಗುವುದುಂಟು. ಅಂಥಲ್ಲಿ ಹಿರಿಯರೇ ಗದರಿಕೆಯನ್ನು ಬಿಡುವುದು ಲೇಸು. ಹೇಳಿದ ಹೊತ್ತು ಮೀರಿಯೂ ಸುದ್ದಿ ಬಾರದಿದ್ದರೆ ಸಂಕೋಚಪಡದೆ 112ಕ್ಕೆ ಕರೆ ಮಾಡಬೇಕು.