ಜಿಎಸ್‌ಟಿ ಇಳಿದ್ರೂ ಮದುಮಗಳ ಮೇಕಪ್ ರೇಟು ಇಳಿಯಲ್ಲ ಯಾಕೆ?

ಉಕ್ಕಡಗಾತ್ರಿ: ಬ್ಯೂಟಿ ಪಾರ್ಲರ್ ಸೇವೆ ಮೇಲಿನ ಜಿಎಸ್‌ಟಿ 2025ರ ಸೆ.22ರಿಂದ ಶೇ.18ರ ಬದಲು ಶೇ.5 ಆಗಿದೆ. ಹಾಗಂತ ಅಜ್ಜಯ್ಯನ ಸನ್ನಿಧಿಯಲ್ಲಿ ಮದುವೆ ಇಟ್ಕೊಂಡವರಿಗೆ ಮೇಕಪ್ ಅಗ್ಗ ಆಗುತ್ತೆ ಅನ್ನೋ ಹಾಗಿಲ್ಲ. ವರ್ಷಕ್ಕೆ 20 ಲಕ್ಷ ವಹಿವಾಟು ದಾಟದ ಸಣ್ಣ ಪಾರ್ಲರ್‌ಗಳಿಗೆ ಜಿಎಸ್‌ಟಿ ನೋಂದಣಿ ಕಡ್ಡಾಯವೇ ಅಲ್ಲ. ಹಾಕದೇ ಇರೋ ತೆರಿಗೆ ಇಳಿಯೋದಾದ್ರೂ ಎಲ್ಲಿಂದ?

ರೇಟು ಏರಿಸೋದು ಮುಹೂರ್ತ. ಆಷಾಢ, ಪಿತೃಪಕ್ಷ ಬಿಟ್ಟು ಉಳಿದ ಒಳ್ಳೆ ದಿನಗಳಿಗೇ ಎಲ್ಲರೂ ಮುಗಿಬೀಳ್ತಾರೆ. ದಾವಣಗೆರೆಯಿಂದ ಕರೆಸಿದ್ರೆ ನಸುಕಿನ ಕಾರು ಬಾಡಿಗೆನೂ ಹೆಣ್ಣಿನ ಕಡೆಯವರ ತಲೆ ಮೇಲೆ. ಅದಕ್ಕೇ ಮೊದಲು ಹರಿಹರ, ಮಲೇಬೆನ್ನೂರು ಕಡೆ ವಿಚಾರಿಸಿ. ಆರ್‌ಸೆಟಿಯಲ್ಲಿ ಬ್ಯೂಟಿ ಪಾರ್ಲರ್ ತರಬೇತಿ ಉಚಿತ. ಅಲ್ಲಿ ಕಲಿತವರು ಹತ್ತಿರದಲ್ಲಿದ್ದಾರಾ ಕೇಳಿ. ಜಡೆ, ಹೂವು, ಸೀರೆ ಉಡಿಸೋದು, ಆರತಕ್ಷತೆ ಎಲ್ಲಾ ಒಂದೇ ರೇಟಾ ಅನ್ನೋದನ್ನ ಅಡ್ವಾನ್ಸ್ ಕೊಡೋಕೆ ಮುಂಚೆ ಬರೆಸ್ಕೊಳ್ಳಿ.