ಹೆಬ್ಬೆಟ್ಟಿನ ಒಪ್ಪಿಗೆ

ಸಂಡೂರು ತಾಲ್ಲೂಕಿನ ಕುರೆಕುಪ್ಪ, ಪಕ್ಕದ ತೋರಣಗಲ್ಲು. ಈ ಎರಡು ಊರಿನ 2,000.58 ಎಕರೆ ನೆಲಕ್ಕೆ ಸರ್ಕಾರ ಕಟ್ಟಿದ ಬೆಲೆ ಎಕರೆಗೆ 1.22 ಲಕ್ಷ ರೂಪಾಯಿ. ತೋರಣಗಲ್ಲು, ಮುಸಿನಾಯಕನಹಳ್ಳಿ, ಯರಬನಹಳ್ಳಿ ಕಡೆಯ ಇನ್ನೊಂದು 1,666.73 ಎಕರೆಗೆ ಒಂದೂವರೆ ಲಕ್ಷ. ಕೊಳ್ಳುವವರು ಜಿಂದಾಲ್ ಧಣಿಗಳು. 2019ರ ಮೇನಲ್ಲಿ ಸಮ್ಮಿಶ್ರ ಸಂಪುಟ ಹೂಂ ಅಂತು. ಬಿಜೆಪಿಯವರು ಬೆಂಗಳೂರಲ್ಲಿ ಅಹೋರಾತ್ರಿ ಧರಣಿ ಕುಂತರು. ಅವರೇ ಕುರ್ಚಿ ಹಿಡಿದು 2021ರ ಏಪ್ರಿಲಿನಲ್ಲಿ ಹೂಂ ಅಂದು, ಮರುತಿಂಗಳು ಹಿಂದೆ ಸರಿದರು. 2024ರ ಆಗಸ್ಟಿನಲ್ಲಿ ಕಾಂಗ್ರೆಸ್ ಸಂಪುಟ ಒಪ್ಪಿಗೆ ಕೊಟ್ಟಿತು. ಬಾವುಟಕ್ಕೊಂದು ಬಣ್ಣ, ಕ್ರಯಪತ್ರ ಮಾತ್ರ ಒಂದೇ.

ಇಷ್ಟು ಅಗ್ಗ ಯಾಕೆ ಅಂದರೆ, 2006-07ರಲ್ಲೇ ಗುತ್ತಿಗೆ-ಮಾರಾಟದ ಕರಾರಾಗಿದೆ, ಕೊಟ್ಟ ಮಾತಿಗೆ ಸರ್ಕಾರ ತಪ್ಪಬಾರದು ಅನ್ನುತ್ತಾರೆ. ಎಂಥ ಹರಿಶ್ಚಂದ್ರರು! 1971ರಲ್ಲಿ ಇಂದಿರಾಗಾಂಧಿ ಇದೇ ತೋರಣಗಲ್ಲಿನಲ್ಲಿ ಸರ್ಕಾರಿ ಉಕ್ಕಿನ ಕಾರ್ಖಾನೆಗೆ ಅಡಿಗಲ್ಲು ಇಟ್ಟು ಹೋದರಲ್ಲ, ಆ ಮಾತು ಯಾರ ನೆನಪಿನಲ್ಲಿದೆ? ಸರ್ಕಾರದ ಕಾರ್ಖಾನೆ ಏಳಲೇ ಇಲ್ಲ. ಎದ್ದದ್ದು ಜಿಂದಾಲರದು.

ಈಗ ರೈತನ ಕಡೆ ಬನ್ನಿ. ಕೆ.ಐ.ಎ.ಡಿ.ಬಿ.ಯ ಕೈಲಿರುವುದು 1966ರ ರಾಜ್ಯ ಕಾಯ್ದೆ. ಅದರ 28ನೇ ಕಲಮಿನಡಿ ಮೊದಲ ಅಧಿಸೂಚನೆ, ನೋಟೀಸು, ಆಕ್ಷೇಪಣೆ ಕೇಳುವ ಶಾಸ್ತ್ರ, ಕೊನೆಯ ಅಧಿಸೂಚನೆ. ಅಲ್ಲಿಗೆ ಹೊಲ ಸರ್ಕಾರದ್ದು. ಬೆಲೆ ನಿಲ್ಲುವುದು ಮೊದಲ ಅಧಿಸೂಚನೆಯ ದಿನಕ್ಕೆ. ಕಂಪನಿಗೆ ಹಳೇ ದರವೇ ಲಾಭ, ರೈತನಿಗೆ ಹಳೇ ದರವೇ ಗೋರಿ. ಗಡಿಯಾರವನ್ನು ಎರಡೂ ಕಡೆ ನಿಲ್ಲಿಸಿದವರು ಒಬ್ಬರೇ. ಖಾಸಗಿ ಕಂಪನಿಗಾದರೆ ನೂರಕ್ಕೆ 80 ಜನ ಒಪ್ಪಬೇಕು ಅಂತ 2013ರ ಕೇಂದ್ರ ಕಾನೂನು ಹೇಳಿತು. 1966ರ ಕಾಯ್ದೆಯಲ್ಲಿ ಅಂಥ ಸಾಲೇ ಇಲ್ಲ.

ಇಲ್ಲಿ ಒಪ್ಪಿಗೆ ಅಂದರೆ ಬೇರೆ. 29ನೇ ಕಲಮಿನಲ್ಲಿ 'ಒಪ್ಪಂದದ ದರ' ಅಂತ ಒಂದಿದೆ. ಮಗಳ ಮದುವೆ, ಸೊಸೈಟಿ ಸಾಲ, ಮಳೆಯಿಲ್ಲದ ವರ್ಷ. ಚೆಕ್ಕು ಎದುರಿಗಿಟ್ಟು ಹೆಬ್ಬೆಟ್ಟು ಒತ್ತು ಅಂತಾರೆ. ಒತ್ತಿದವನಿಗೆ ಸಾಮಾನ್ಯವಾಗಿ ಕೋರ್ಟಿನ ಬಾಗಿಲು ಮುಚ್ಚಿತು. ಒಪ್ಪಂದ ಮಾಡಿಕೊಳ್ಳದೆ ಅವಾರ್ಡಿನ ದುಡ್ಡು ತೆಗೆದುಕೊಳ್ಳುವವನೂ ರಸೀದಿಯ ಮೇಲೆ 'ತಕರಾರಿಟ್ಟು ಪಡೆದಿದ್ದೇನೆ' ಅಂತ ಬರೆಯಬೇಕು. ಇಲ್ಲದಿದ್ದರೆ 1894ರ ಬ್ರಿಟಿಷ್ ಕಾಯ್ದೆಯ 18ನೇ ಕಲಮಿನಲ್ಲಿ ಹೆಚ್ಚಿನ ಪರಿಹಾರ ಕೇಳುವ ಹಕ್ಕು ಹೋಯಿತು. ಅವಾರ್ಡಿನ ನೋಟೀಸು ಕೈಸೇರಿದ ಮೇಲೆ ಕರ್ನಾಟಕದಲ್ಲಿ ಸಿಗುವ ಗಡುವು ತೊಂಬತ್ತೇ ದಿನ. ಓದು ಬಾರದವನ ಹೊಲವನ್ನು ಓದು ಬಂದವರ ಒಂದು ಸಾಲಿಗೆ ಕಟ್ಟಿಹಾಕಿದ ಕಾನೂನು ಇದು. ಹಳ್ಳಿ ಮೇಷ್ಟ್ರುಗಳೇ, ಮಕ್ಕಳ ಕೈಲಿ ದಸರಾ ಪ್ರಬಂಧ ಆಮೇಲೆ ಬರೆಸಿ. ಆ ಒಂದು ಸಾಲನ್ನು ಮೊದಲು ಊರಿನ ಕರಿಹಲಗೆ ಮೇಲೆ ಬರೆಯಿರಿ.

ಕುಡಿತಿನಿ ಸೀಮೆ ನೋಡಿ. 2010ರ ಸುಮಾರಿಗೆ ಕುಡಿತಿನಿ, ವೇಣಿವೀರಾಪುರ, ಹರಗಿನಡೋಣಿಯ ಸಾವಿರಾರು ಎಕರೆ ಮಿತ್ತಲ್, ಉತ್ತಮ್ ಗಾಲ್ವಾ, ಎನ್.ಎಂ.ಡಿ.ಸಿ. ಹೆಸರಿನಲ್ಲಿ ಹೋಯಿತು. ವರ್ಷಗಟ್ಟಲೆ ಕಾದರೂ ಉಕ್ಕಿನ ಕುಲುಮೆ ಹೊತ್ತಲಿಲ್ಲ. 2022ರ ಡಿಸೆಂಬರಿನಲ್ಲಿ ರೈತರು ನ್ಯಾಯದ ಬೆಲೆಗಾಗಿ ಧರಣಿ ಕುಂತರು. ಅವರನ್ನು ದುಡ್ಡಿನಾಸೆಯವರು ಅಂತ ಜರೆಯುವ ಪೇಟೆಯ ಬುದ್ಧಿವಂತರಿದ್ದಾರೆ. ಸಾವಿರಾರು ಎಕರೆ ಹಳೇ ದರಕ್ಕೆ ಕೇಳುವವನದು ಆಸೆಯಲ್ಲ, 'ಬಂಡವಾಳ ಹೂಡಿಕೆ'!

ರೈತ ಸಂಘಗಳಿಗೂ ಒಂದು ಮಾತು. ನಿಮ್ಮ ಬೇಡಿಕೆ ಪಟ್ಟಿಯಲ್ಲಿ ಪಹಣಿ ಇದ್ದವರೇ ತುಂಬಿದ್ದಾರೆ. ಅದೇ ಹೊಲದಲ್ಲಿ ಕಳೆ ಕಿತ್ತ, ಹತ್ತಿ ಬಿಡಿಸಿದ ಮಾದಿಗರ ಕೇರಿಯ ಹೆಂಗಸಿಗೆ ಪಹಣಿಯಿಲ್ಲ. ಪಹಣಿಯಿಲ್ಲದ ಮೇಲೆ ನೋಟೀಸಿಲ್ಲ, ಅವಾರ್ಡಿಲ್ಲ, ತಕರಾರಿಡಲು ರಸೀದಿಯೂ ಇಲ್ಲ. ಬಗರ್ ಹುಕುಂ ಉತ್ತವನೂ ಅವಳ ಸಾಲಿನಲ್ಲೇ. ಹೊಲ ಹೋದ ದಿನವೇ ಅವಳ ಕೂಲಿ ಹೋಯಿತು. ಅದಕ್ಕೆ ಎಕರೆಗೆ ಎಷ್ಟು ಅಂತ ಕಟ್ಟುತ್ತೀರಿ? ಮುಂದಿನ ಧರಣಿಯ ಮನವಿಪತ್ರದಲ್ಲಿ ಅವಳ ಹೆಸರು ಖಾತೆದಾರನ ಹೆಸರಿನ ಪಕ್ಕದಲ್ಲೇ ಬರಲಿ, ಕೆಳಗಲ್ಲ.